ಸ್ವಂತ ಆಫೀಸು ನಂಬದ ವರದಿ, ಊರೆಲ್ಲ ನಂಬಿದ ಶಾವಿಗೆ ಮರ: ರಿಚರ್ಡ್ ಡಿಂಬಲ್ಬಿ ಎಂಬ ಧ್ವನಿ

ಇವತ್ತಿನ ಸಂಚಿಕೆಯಲ್ಲಿ ಒಬ್ಬ ರೇಡಿಯೊ ಮನುಷ್ಯರ ಕಥೆ ಹೇಳ್ತೀನಿ. ಹೆಸರು ರಿಚರ್ಡ್ ಡಿಂಬಲ್ಬಿ. ಬಿಬಿಸಿಯವರು. 1936ರಿಂದ 1965ರವರೆಗೆ, ಮೊದಲು ರೇಡಿಯೊದಲ್ಲಿ, ಆಮೇಲೆ ಟಿವಿಯಲ್ಲಿ, ಬ್ರಿಟನ್ನಿನ ಮನೆಮನೆಗಳಲ್ಲಿ ಕೇಳಿಸುತ್ತಿದ್ದ ಧ್ವನಿ ಅದು. ನಮ್ಮ ಕಡೆ ಈ ಹೆಸರು ಹೆಚ್ಚು ಜನಕ್ಕೆ ಗೊತ್ತಿಲ್ಲ. ಗೊತ್ತಾಗೋದಾದ್ರೂ ಹೇಗೆ? ಅವರು ಎಲಿಜಬೆತ್ ರಾಣಿಯ ಪಟ್ಟಾಭಿಷೇಕವನ್ನು ಟಿವಿಯಲ್ಲಿ ವಿವರಿಸುತ್ತಿದ್ದಾಗ ಭಾರತದಲ್ಲಿ ಟಿವಿಯೇ ಇರಲಿಲ್ಲ. ದೆಹಲಿಯಲ್ಲಿ ಪ್ರಾಯೋಗಿಕ ಪ್ರಸಾರ ಶುರುವಾಗಿದ್ದು 1959ರಲ್ಲಿ. ಬೆಂಗಳೂರಿಗೆ ದೂರದರ್ಶನ ಬಂದದ್ದು 1981ರಲ್ಲಿ.

ಆದರೂ ಈ ಕಥೆ ಹೇಳೋಕೆ ಒಂದು ಕಾರಣ ಇದೆ. "ರೇಡಿಯೊದಲ್ಲೇ ಹೇಳಿದ್ರು" ಅಂದ್ರೆ ವಾದ ಅಲ್ಲಿಗೆ ಮುಗೀತು ಅನ್ನೋ ಕಾಲ ನಮ್ಮಲ್ಲೂ ಒಂದಿತ್ತಲ್ಲ, ಆ ನಂಬಿಕೆ ಹೇಗೆ ಕೆಲಸ ಮಾಡುತ್ತೆ ಅನ್ನೋದು ಈ ಮನುಷ್ಯರ ಬದುಕಿನಲ್ಲಿ ಬಹಳ ಸ್ಪಷ್ಟವಾಗಿ ಕಾಣುತ್ತದೆ. ಎರಡು ಘಟನೆಗಳಿವೆ, ಹನ್ನೆರಡು ವರ್ಷದ ಅಂತರದಲ್ಲಿ. ಒಂದರಲ್ಲಿ ಅವರು ಕಣ್ಣಾರೆ ಕಂಡ ಸತ್ಯವನ್ನು ಹೇಳಿದರು. ಅವರ ಆಫೀಸಿನವರೇ ನಂಬಲಿಲ್ಲ. ಇನ್ನೊಂದರಲ್ಲಿ ಹಸಿ ಸುಳ್ಳು ಹೇಳಿದರು. ಎಷ್ಟೋ ಜನ ನಂಬಿಬಿಟ್ಟರು.

ಮೊದಲಿನಿಂದ ಬರೋಣ. ಡಿಂಬಲ್ಬಿ ಹುಟ್ಟಿದ್ದು 1913ರ ಮೇ 25ರಂದು, ಲಂಡನ್ ಪಕ್ಕದ ರಿಚ್ಮಂಡ್‌ನಲ್ಲಿ. ಮನೆತನದ್ದೇ ಒಂದು ಸ್ಥಳೀಯ ಪತ್ರಿಕೆ ಇತ್ತು, 'ರಿಚ್ಮಂಡ್ ಅಂಡ್ ಟ್ವಿಕನ್‌ಹ್ಯಾಮ್ ಟೈಮ್ಸ್'. ಕೆಲಸ ಕಲಿತದ್ದು ಅಲ್ಲೇ. 1936ರಲ್ಲಿ, ಇಪ್ಪತ್ಮೂರರ ಹರೆಯದಲ್ಲಿ, ಬಿಬಿಸಿಯ ಸುದ್ದಿ ವಿಭಾಗದ ಮುಖ್ಯಸ್ಥರಿಗೆ ಒಂದು ಪತ್ರ ಬರೆದರು. ಸಾರಾಂಶ ಇಷ್ಟು: ನಿಮ್ಮ ವಾರ್ತೆಗೆ ಜೀವ ಬರಬೇಕಾದ್ರೆ ಘಟನೆ ನಡೆದ ಜಾಗಕ್ಕೆ ನಿಮ್ಮದೇ ವರದಿಗಾರರು ಹೋಗಬೇಕು, ನೋಡಿದವರ ಬಾಯಿಂದಲೇ ಹೇಳಿಸಬೇಕು.

ಇದರಲ್ಲೇನು ವಿಶೇಷ ಅನ್ನಿಸಬಹುದು. ಆಗ ವಿಶೇಷವೇ. ಆ ಕಾಲದ ಬಿಬಿಸಿಗೆ ವರದಿಗಾರರು ಅಂತಲೇ ಇರಲಿಲ್ಲ. ಸುದ್ದಿ ಸಂಸ್ಥೆಗಳು ಕಳಿಸಿದ್ದನ್ನು ತಿದ್ದಿ, ಒಬ್ಬ ಉದ್ಘೋಷಕರು ಓದುತ್ತಿದ್ದರು. ರೇಡಿಯೊದಲ್ಲಿ ಯಾರಿಗೂ ಕಾಣದಿದ್ದರೂ ಸಂಜೆಯ ವಿಧಿವತ್ತಾದ ಕೋಟು, ಬೋ ಟೈ ಹಾಕಿಕೊಂಡೇ ಓದಬೇಕಿತ್ತು. ಹೆಸರು ಹೇಳುವಂತಿರಲಿಲ್ಲ. 1930ರ ಗುಡ್ ಫ್ರೈಡೇ ದಿನ ಉದ್ಘೋಷಕರು ಮೈಕ್ ಮುಂದೆ ಬಂದು, ಇವತ್ತು ಸುದ್ದಿ ಏನೂ ಇಲ್ಲ ಅಂತ ಹೇಳಿದರು, ಉಳಿದ ಹೊತ್ತು ಪಿಯಾನೊ ಕೇಳಿಸಿದರು. ಇವತ್ತಿನ ಇಪ್ಪತ್ನಾಲ್ಕು ಗಂಟೆಯ ಚಾನೆಲ್‌ಗಳನ್ನು ನೋಡಿದಾಗ ನನಗೆ ಆ ಪಿಯಾನೊ ನೆನಪಾಗುವುದುಂಟು.

ಅಂಥ ಜಾಗಕ್ಕೆ ಈ ಹುಡುಗ ಸೇರಿದ. ಸೇರಿ ಎರಡು ತಿಂಗಳಾಗಿತ್ತಷ್ಟೇ, 1936ರ ನವೆಂಬರ್ 30ರ ರಾತ್ರಿ ಲಂಡನ್ನಿನ ಕ್ರಿಸ್ಟಲ್ ಪ್ಯಾಲೇಸ್‌ಗೆ ಬೆಂಕಿ ಬಿತ್ತು. ಗಾಜು, ಕಬ್ಬಿಣದ ಆ ದೊಡ್ಡ ಕಟ್ಟಡ ಸುಡುತ್ತಿದ್ದಾಗ ಡಿಂಬಲ್ಬಿ ಹತ್ತಿರದ ಒಂದು ಟೆಲಿಫೋನಿನಿಂದ ನೇರವಾಗಿ ವಾರ್ತೆಯೊಳಗೆ ಮಾತಾಡಿದರು. ಹಿಂದೆ ಜನರ ಗದ್ದಲ, ಅಗ್ನಿಶಾಮಕ ದಳದ ಗಂಟೆ. ಕೇಳುಗರಿಗೆ ಅದು ಹೊಸದು. ಸುದ್ದಿ ಓದುವವರ ಕೋಣೆಯಿಂದ ಹೊರಗೆ ಬಂದು ಬೀದಿಯಲ್ಲಿ ನಿಂತಿತ್ತು. 1939ರ ಆರಂಭದಲ್ಲಿ ಸ್ಪೇನಿನ ಅಂತರ್ಯುದ್ಧದಲ್ಲಿ ಸೋತ ಜನ ಫ್ರಾನ್ಸ್ ಗಡಿ ದಾಟಿ ಬರುತ್ತಿದ್ದಾಗಲೂ ಅವರು ಗಡಿಯಲ್ಲಿದ್ದರು. ಅದೇ ವರ್ಷ ಮಹಾಯುದ್ಧ ಶುರುವಾದಾಗ ಬ್ರಿಟಿಷ್ ಸೇನೆಯ ಜೊತೆ ಫ್ರಾನ್ಸ್‌ಗೆ ಹೋದರು. ಬಿಬಿಸಿಯ ಮೊದಲ ಯುದ್ಧ ವರದಿಗಾರ.

ಇಲ್ಲಿ ಒಂದು ಸಣ್ಣ ವಿಷಯ. 1940ರಲ್ಲಿ ಬಿಬಿಸಿ ವಾರ್ತೆ ಓದುವವರು ಮೊದಲ ಸಲ ತಮ್ಮ ಹೆಸರು ಹೇಳತೊಡಗಿದರು. ಜರ್ಮನ್ನರು ಬಂದು ಸ್ಟೇಷನ್ ಹಿಡಿದು, ಬಿಬಿಸಿಯ ದನಿಯಲ್ಲೇ ಸುಳ್ಳು ವಾರ್ತೆ ಓದಿಬಿಟ್ಟರೆ? ಅದಕ್ಕೇ ಜನ ಒಂದೊಂದು ಧ್ವನಿಗೂ ಹೆಸರು ಕೂಡಿಸಿ ಗುರುತಿಟ್ಟುಕೊಳ್ಳಲಿ ಅಂತ. ನಮ್ಮ ಆಕಾಶವಾಣಿಯ "ಓದುತ್ತಿರುವವರು" ಕೇಳಿ ಬೆಳೆದವರಿಗೆ ಇದರ ಅರ್ಥ ಬೇಗ ಆಗುತ್ತೆ. ಹೆಸರು ಅಂದ್ರೆ ಬರೀ ಗೌರವ ಅಲ್ಲ, ಜಾಮೀನು.

ಡಿಂಬಲ್ಬಿಯ ಜಾಮೀನಿಗೆ ಮೊದಲ ಪೆಟ್ಟು ಬಿದ್ದದ್ದು ಈಜಿಪ್ಟ್‌ನಲ್ಲಿ. 1940ರಿಂದ 42ರವರೆಗೆ ಅವರು ಕೈರೋ ಕೇಂದ್ರವಾಗಿಟ್ಟುಕೊಂಡು ಮಧ್ಯಪ್ರಾಚ್ಯವೆಲ್ಲ ಸುತ್ತಿದರು. ಉತ್ತರ ಆಫ್ರಿಕಾದ ಮರಳಿನಲ್ಲಿ ಬ್ರಿಟಿಷ್ ಸೇನೆ ಜರ್ಮನಿಯ ರೊಮೆಲ್ ಕೈಯಲ್ಲಿ ಪೆಟ್ಟು ತಿನ್ನುತ್ತಿತ್ತು. ಡಿಂಬಲ್ಬಿಯ ವರದಿಗಳಲ್ಲಿ ಮಾತ್ರ ಕೈರೋದ ಸೇನಾ ಕಚೇರಿಯ ಆಶಾವಾದ. ಅಧಿಕಾರಿಗಳು ಹೇಳಿದ್ದನ್ನೇ ನೆಚ್ಚಿಕೊಂಡರು. 1942ರ ಜೂನ್‌ನಲ್ಲಿ ಟೋಬ್ರುಕ್ ಬಿತ್ತು. ಟೀಕೆ ಜೋರಾಯಿತು. ಅದೇ ವರ್ಷ ಬಿಬಿಸಿ ಅವರನ್ನು ಲಂಡನ್ನಿಗೆ ವಾಪಸ್ ಕರೆಸಿಕೊಂಡಿತು.

ನನ್ನ ಪ್ರಕಾರ ಮುಂದಿನದ್ದು ಅರ್ಥವಾಗಬೇಕಾದರೆ ಈ ಅವಮಾನ ನೆನಪಿರಬೇಕು. 1943ರ ಜನವರಿಯಲ್ಲಿ ಅವರು ಬರ್ಲಿನ್ ಮೇಲೆ ಬಾಂಬ್ ಹಾಕಲು ಹೊರಟ ಲ್ಯಾಂಕಾಸ್ಟರ್ ವಿಮಾನ ಹತ್ತಿದರು. ಪೈಲಟ್ ಗೈ ಗಿಬ್ಸನ್, ಕೆಲವೇ ತಿಂಗಳ ನಂತರ ಜರ್ಮನಿಯ ಅಣೆಕಟ್ಟುಗಳ ಮೇಲಿನ ದಾಳಿಯಿಂದ ಪ್ರಸಿದ್ಧರಾದವರು. ಇಂಥ ದಾಳಿಗೆ ಹೋದ ಬಿಬಿಸಿಯ ಮೊದಲ ವರದಿಗಾರ ಡಿಂಬಲ್ಬಿ. ದಪ್ಪ ಮೈ, ಹೆದರಿಕೆ, ವಾಂತಿ, ಎಲ್ಲವೂ ಇತ್ತು. ಆದರೂ ಯುದ್ಧ ಮುಗಿಯುವುದರೊಳಗೆ ಸುಮಾರು ಇಪ್ಪತ್ತು ಸಲ ಹೋದರು. ಇನ್ನೊಬ್ಬರು ಹೇಳಿದ್ದನ್ನು ಹೇಳೋದಿಲ್ಲ, ನೋಡಿದ್ದನ್ನೇ ಹೇಳ್ತೀನಿ ಅನ್ನೋ ಹಟ ಹುಟ್ಟಿದ್ದು ಕೈರೋದಿಂದ ಬಂದ ಮೇಲೆ ಅಂತ ನನಗನ್ನಿಸುತ್ತೆ.

ಈಗ 1945ರ ಏಪ್ರಿಲ್. ಉತ್ತರ ಜರ್ಮನಿಯಲ್ಲಿ ಬ್ರಿಟಿಷ್ ಸೇನೆ ಮುಂದೆ ಹೋಗುತ್ತಿತ್ತು. ದಾರಿಯಲ್ಲಿ ಒಂದು ಶಿಬಿರ ಇದೆ, ಅಲ್ಲಿ ಟೈಫಸ್ ಜ್ವರ ಹರಡಿದೆ, ಸುತ್ತ ಯುದ್ಧ ಬೇಡ, ನೀವೇ ವಹಿಸಿಕೊಳ್ಳಿ ಅಂತ ಜರ್ಮನ್ನರೇ ಮಾತುಕತೆಗೆ ಬಂದರು. ಏಪ್ರಿಲ್ 15ರಂದು ಬ್ರಿಟಿಷರು ಒಳಗೆ ಹೋದರು. ಅದು ಬರ್ಗನ್-ಬೆಲ್ಸನ್. ಒಳಗೆ ಸುಮಾರು 60,000 ಜನ ಜೀವದಿಂದಿದ್ದರು, ಅವರಲ್ಲಿ ಬಹಳ ಜನ ಸಾಯುವ ಸ್ಥಿತಿಯಲ್ಲಿ. ಮಣ್ಣು ಮಾಡದೆ ಬಿದ್ದಿದ್ದ ಹೆಣಗಳು ಸುಮಾರು 13,000. ಇಡೀ ಯುರೋಪಿನಿಂದ ಹಿಡಿದು ತಂದ ಯಹೂದಿಗಳು, ರಾಜಕೀಯ ಕೈದಿಗಳು. ಡೈರಿ ಬರೆದ ಹುಡುಗಿ ಆನ್ ಫ್ರಾಂಕ್ ಮತ್ತವಳ ಅಕ್ಕ ಮಾರ್ಗಟ್ ಸತ್ತದ್ದು ಇಲ್ಲೇ, ಸೇನೆ ಬರುವುದಕ್ಕೆ ಕೆಲವೇ ವಾರ ಮುಂಚೆ.

ಡಿಂಬಲ್ಬಿ ಒಳಗೆ ಹೋದರು. ಐದು ವರ್ಷ ಯುದ್ಧ ನೋಡಿದ್ದ ಮನುಷ್ಯ. ಹೊರಗೆ ಬಂದು ರೆಕಾರ್ಡಿಂಗ್ ಮಾಡಲು ಕೂತಾಗ ಮಾತು ನಿಂತು ನಿಂತು ಹೋಯಿತು, ಹಲವು ಸಲ ಕುಸಿದು ಅತ್ತರು ಎನ್ನುತ್ತಾರೆ. ವರದಿಯಲ್ಲಿ ಅವರು ದೊಡ್ಡ ಪದಗಳನ್ನು ಬಳಸಲಿಲ್ಲ. ತಾವು ನಡೆದ ಹಾದಿಯನ್ನೇ ಹೇಳುತ್ತಾ ಹೋದರು. ರಸ್ತೆಯ ಪಕ್ಕ ಬಿದ್ದವರಲ್ಲಿ ಯಾರು ಸತ್ತಿದ್ದಾರೆ, ಯಾರು ಬದುಕಿದ್ದಾರೆ ಅಂತ ಗೊತ್ತಾಗದ ಸ್ಥಿತಿ. ಒಬ್ಬ ತಾಯಿಯ ಬಗ್ಗೆ ಹೇಳಿದರು. ಆಕೆ ಕಾವಲು ನಿಂತಿದ್ದ ಸೈನಿಕನ ಕಾಲಿಗೆ ಬಿದ್ದು, ಬೂಟಿಗೆ ಮುತ್ತಿಟ್ಟು, ಮಗುವಿಗೆ ಹಾಲು ಕೊಡಿ ಅಂತ ಬೇಡಿಕೊಂಡಳು. ಆತ ಏಳಮ್ಮ ಅಂದಾಗ ಮಗುವನ್ನು ಅವನ ಕೈಗೆ ಕೊಟ್ಟು ಹಾಲು ಹುಡುಕಿಕೊಂಡು ಓಡಿದಳು. ಸೈನಿಕ ಚಿಂದಿ ಬಟ್ಟೆ ಬಿಚ್ಚಿ ನೋಡಿದರೆ, ಮಗು ಸತ್ತು ಎಷ್ಟೋ ದಿನ ಆಗಿತ್ತು.

ವರದಿ ಲಂಡನ್ನಿಗೆ ಹೋಯಿತು. ಬಿಬಿಸಿ ಪ್ರಸಾರ ಮಾಡಲಿಲ್ಲ.

ಬೇರೆ ಕಡೆಯಿಂದ ಖಚಿತವಾಗಲಿ, ಆಮೇಲೆ ನೋಡೋಣ ಅಂದರು. ಡಿಂಬಲ್ಬಿಗೆ ಸಿಟ್ಟು ಬಂತು. ಫೋನ್ ಮಾಡಿ, ಇದು ಪ್ರಸಾರವಾಗದಿದ್ದರೆ ಜೀವಮಾನದಲ್ಲಿ ಇನ್ನೊಂದು ಪ್ರಸಾರ ಮಾಡೋದಿಲ್ಲ ಅಂತ ಹೇಳಿದರು. ಕೊನೆಗೆ ಏಪ್ರಿಲ್ 19ರಂದು ವರದಿ ಬಂತು, ಅದೂ ಕತ್ತರಿಸಿ, ಚಿಕ್ಕದು ಮಾಡಿ.

ಯಾಕೆ ನಂಬಲಿಲ್ಲ? ಆಫೀಸಿನವರನ್ನು ಬರೀ ಹೇಡಿಗಳು ಅಂದುಬಿಡೋದು ಸುಲಭ. ಹಿಂದೆ ಒಂದು ಕಥೆ ಇದೆ. ಮೊದಲ ಮಹಾಯುದ್ಧದಲ್ಲಿ, 1917ರಲ್ಲಿ, ಜರ್ಮನ್ನರು ಸತ್ತ ಸೈನಿಕರ ಹೆಣ ಕಾಯಿಸಿ ಕೊಬ್ಬು ತೆಗೆಯುವ ಕಾರ್ಖಾನೆ ನಡೆಸುತ್ತಿದ್ದಾರೆ ಅಂತ ಬ್ರಿಟಿಷ್ ಪತ್ರಿಕೆಗಳು ಬರೆದವು. ಜನ ನಂಬಿದರು. ಅದು ಸುಳ್ಳು. 1925ರಲ್ಲಿ ಬ್ರಿಟಿಷ್ ಸರ್ಕಾರವೇ ಸಂಸತ್ತಿನಲ್ಲಿ, ಇದಕ್ಕೆ ಆಧಾರ ಇಲ್ಲ ಅನ್ನುವ ಜರ್ಮನಿಯ ಮಾತನ್ನು ಒಪ್ಪಿಕೊಂಡಿತು. ಒಮ್ಮೆ ಹಾಗೆ ಮೋಸಹೋದ ಮೇಲೆ ಆ ಪೀಳಿಗೆಯ ಸಂಪಾದಕರಿಗೆ 'ಜರ್ಮನ್ ಕ್ರೌರ್ಯ' ಅಂದರೆ ಸಾಕು, ಅನುಮಾನ. 1944ರಲ್ಲಿ ಸೋವಿಯತ್ ಸೇನೆ ಪೋಲೆಂಡಿನ ಮೈದಾನೆಕ್ ಶಿಬಿರ ವಶಪಡಿಸಿಕೊಂಡಾಗ ಪತ್ರಕರ್ತ ಅಲೆಕ್ಸಾಂಡರ್ ವರ್ತ್ ಅಲ್ಲಿಂದ ವರದಿ ಕಳಿಸಿದ್ದರು. ಇದು ರಷ್ಯನ್ನರ ಪ್ರಚಾರ ಇರಬಹುದು ಅಂತ ಬಿಬಿಸಿ ಅದನ್ನು ಬಳಸಲೇ ಇಲ್ಲ. ಅಂದ್ರೆ, 1917ರಲ್ಲಿ ಹೇಳಿದ ಸುಳ್ಳಿನ ಸಾಲವನ್ನು 1944 ಮತ್ತು 45ರ ಸತ್ಯ ತೀರಿಸಬೇಕಾಯಿತು. ಗ್ಯಾಸ್ ಕೋಣೆಗಳ ಸುದ್ದಿ ಬರುತ್ತಿದ್ದ ವರ್ಷಗಳಲ್ಲಿ ಎಷ್ಟು ಜನ ಇದೇ ಅನುಮಾನದಿಂದ ಕಣ್ಣು ಬೇರೆ ಕಡೆ ತಿರುಗಿಸಿರಬಹುದು ಯೋಚಿಸಿ.

ಡಿಂಬಲ್ಬಿ ಗೆದ್ದದ್ದು ಸಾಕ್ಷ್ಯದಿಂದಲ್ಲ, ಗಮನಿಸಿ.  ತಮ್ಮ ಹೆಸರನ್ನೇ ಅಡ ಇಟ್ಟರು, ಅಷ್ಟೆ.

ಯುದ್ಧ ಮುಗಿದ ಮೇಲೆ ಸಂಬಳ, ಖರ್ಚಿನ ಲೆಕ್ಕ ಸರಿಹೊಂದದೆ ಬಿಬಿಸಿ ನೌಕರಿ ಬಿಟ್ಟರು. ಹೊರಗಿನವರಾಗಿ ಕಾರ್ಯಕ್ರಮಕ್ಕಿಷ್ಟು ಅಂತ ದುಡ್ಡು ತೆಗೆದುಕೊಂಡು ದುಡಿದರು. ರೇಡಿಯೊದಲ್ಲಿ 'ಟ್ವೆಂಟಿ ಕ್ವಶ್ಚನ್ಸ್' ಅನ್ನೋ ಒಗಟಿನ ಆಟ, 'ಡೌನ್ ಯುವರ್ ವೇ' ಅಂತ ಊರೂರಿಗೆ ಹೋಗಿ ಅಲ್ಲಿನ ಜನರನ್ನು ಮಾತಾಡಿಸಿ ಅವರಿಗಿಷ್ಟವಾದ ಹಾಡು ಹಾಕಿಸುವ ಕಾರ್ಯಕ್ರಮ. ಬೆಲ್ಸನ್ ನೋಡಿ ಬಂದವರು ಹಳ್ಳಿಯ ಬೇಕರಿಯವರ ಹತ್ತಿರ ನಗುತ್ತಾ ಮಾತಾಡುತ್ತಿದ್ದರು. ಹೊಟ್ಟೆಪಾಡು ಅಂತ ಒಂದಿರುತ್ತಲ್ಲ.

ಆಮೇಲೆ ಟಿವಿ. ಇದರ ಬಗ್ಗೆ ಸ್ವಲ್ಪ ನಿಧಾನವಾಗಿ ಹೇಳಬೇಕು. ರೇಡಿಯೊದಲ್ಲಿ ಮೌನ ಅಂದ್ರೆ ತಪ್ಪು. ಕೇಳುಗ ಸ್ಟೇಷನ್ ಹೋಯ್ತೇನೋ ಅಂತ ಗುಂಡಿ ತಿರುಗಿಸ್ತಾನೆ. ಟಿವಿಯಲ್ಲಿ ಹೆಚ್ಚು ಮಾತೇ ತಪ್ಪು. ಎದುರಿಗೆ ಕಾಣುತ್ತಿರುವುದನ್ನು ಮತ್ತೆ ಹೇಳಿದರೆ ನೋಡುವವನಿಗೆ ಕಿರಿಕಿರಿ. ಹೀಗಾಗಿ ರೇಡಿಯೊದ ಎಷ್ಟೋ ದೊಡ್ಡ ಧ್ವನಿಗಳು ಟಿವಿಗೆ ಬಂದು ಸೋತವು. ಡಿಂಬಲ್ಬಿ ಸೋಲಲಿಲ್ಲ. ಅವರು ಎಲ್ಲಿ ಮಾತು, ಎಲ್ಲಿ ಮೌನ ಅಂತ ಅಳೆದು ಕೊಟ್ಟರು.

1953ರ ಜೂನ್ 2, ಪಟ್ಟಾಭಿಷೇಕ. ವೆಸ್ಟ್‌ಮಿನ್‌ಸ್ಟರ್ ಅಬ್ಬೆಯೊಳಗೆ ಕ್ಯಾಮೆರಾ ಬರುವುದೇ ಬೇಡ ಅಂತ ಚರ್ಚಿಲ್ ಸರ್ಕಾರವೂ ಧರ್ಮಗುರುಗಳೂ ಮೊದಲು ಅಡ್ಡ ನಿಂತಿದ್ದರು. ಜನ ಗಲಾಟೆ ಮಾಡಿದ ಮೇಲೆ ಒಪ್ಪಿದರು. ರಾಣಿಗೆ ಪವಿತ್ರ ತೈಲ ಹಚ್ಚುವ ಹೊತ್ತನ್ನು ಮಾತ್ರ ತೋರಿಸುವಂತಿರಲಿಲ್ಲ. ಡಿಂಬಲ್ಬಿ ವಾರಗಟ್ಟಲೆ ಓದಿ, ಚೀಟಿಗಳಲ್ಲಿ ಟಿಪ್ಪಣಿ ಮಾಡಿಕೊಂಡಿದ್ದರು. ಯಾವ ಕಿರೀಟ, ಯಾವ ಖಡ್ಗ, ಯಾರ ಹಿಂದೆ ಯಾರು. ಹಿಂದಿನ ರಾತ್ರಿ ಥೇಮ್ಸ್ ನದಿಯಲ್ಲಿ ನಿಲ್ಲಿಸಿದ್ದ ತಮ್ಮ ದೋಣಿಯಲ್ಲಿ ಮಲಗಿ, ಬೆಳಗಿನ ಜಾವ ಎದ್ದು ಹೋಗಿ ಅಬ್ಬೆಯ ಮೇಲ್ಮಾಳಿಗೆಯ ಇಕ್ಕಟ್ಟಿನ ಗೂಡಿನಲ್ಲಿ ಕೂತರು. ಸುಮಾರು 2 ಕೋಟಿ ಜನ ನೋಡಿದರು. ಸ್ವಂತ ಟಿವಿ ಇದ್ದ ಮನೆಗಳು ಕಡಿಮೆ, ಹಾಗಾಗಿ ಅಕ್ಕಪಕ್ಕದವರೆಲ್ಲ ಒಂದೇ ಕೋಣೆಯಲ್ಲಿ. ನಾವು 'ರಾಮಾಯಣ' ನೋಡಿದ ಹಾಗೆ! ಅಬ್ಬೆಯೊಳಗೆ ಕೂತಿದ್ದ ಅತಿಥಿಗಳಲ್ಲಿ ನಮ್ಮ ಪ್ರಧಾನಿ ನೆಹರೂ ಕೂಡ ಇದ್ದರು. ಎಲ್ಲ ಮುಗಿದ ಮೇಲೆ ಡಿಂಬಲ್ಬಿ ಖಾಲಿ ಅಬ್ಬೆಯನ್ನು ನೋಡಿದರೆ, ದೇಶದ ಅತಿ ದೊಡ್ಡ ಮನೆತನದವರು ಕೂತಿದ್ದ ಜಾಗದಲ್ಲಿ ಸ್ಯಾಂಡ್‌ವಿಚ್ ಸುತ್ತಿದ್ದ ಕಾಗದ, ಹಣ್ಣಿನ ಸಿಪ್ಪೆ, ಪುಟ್ಟ ಪುಟ್ಟ ಬಾಟಲಿಗಳು. ಅವರಿಗೆ ಬಹಳ ಬೇಸರವಾಯಿತಂತೆ. ನನಗೆ ಇಡೀ ಪಟ್ಟಾಭಿಷೇಕದಲ್ಲಿ ಇಷ್ಟವಾಗುವ ಭಾಗ ಇದೇ.

1955ರಿಂದ ಅವರು 'ಪನೋರಮಾ' ಅನ್ನೋ ವಾರದ ಸುದ್ದಿ ಕಾರ್ಯಕ್ರಮದ ನಿರೂಪಕರು. ಸೋಮವಾರ ರಾತ್ರಿ, ಗಂಭೀರ ವಿಷಯ, ಗಂಭೀರ ಮುಖ. ಈ ಕಾರ್ಯಕ್ರಮದಲ್ಲೇ, 1957ರ ಏಪ್ರಿಲ್ 1ರಂದು, ನಾನು ಮೊದಲು ಹೇಳಿದ ಎರಡನೇ ಘಟನೆ ನಡೆಯಿತು.

ಚಾರ್ಲ್ಸ್ ಡಿ ಜೇಗರ್ ಅನ್ನೋ ಕ್ಯಾಮೆರಾಮನ್. ವಿಯೆನ್ನಾದಲ್ಲಿ ಶಾಲೆಗೆ ಹೋಗುತ್ತಿದ್ದಾಗ ಇವರ ಮೇಷ್ಟ್ರೊಬ್ಬರು, ನೀವೆಂಥ ದಡ್ಡರೆಂದರೆ ಸ್ಪಗೆಟಿ ಮರದಲ್ಲಿ ಬೆಳೆಯುತ್ತೆ ಅಂದ್ರೂ ನಂಬ್ತೀರ ಅಂತ ಬೈಯುತ್ತಿದ್ದರಂತೆ. ಸ್ಪಗೆಟಿ ಅಂದ್ರೆ ಇಟಲಿಯವರ ಶಾವಿಗೆ ಅಂದುಕೊಳ್ಳಿ. ಅದನ್ನೇ ಮಾಡಿ ತೋರಿಸೋಣ ಅಂತ ಇವರು ನೂರು ಪೌಂಡ್ ಖರ್ಚಿನಲ್ಲಿ ಸ್ವಿಟ್ಜರ್ಲೆಂಡಿಗೆ ಹೋಗಿ, ಸ್ಪಗೆಟಿಯನ್ನು ಮರಗಳಿಗೆ ತೂಗುಹಾಕಿ, ಹೆಂಗಸರು ಬುಟ್ಟಿ ಹಿಡಿದು ಕೊಯ್ಯುತ್ತಿರುವ ಹಾಗೆ ಚಿತ್ರ ತೆಗೆದರು. ಮೂರು ನಿಮಿಷದ ಚಿತ್ರ. ಡಿಂಬಲ್ಬಿ ಮುಖದಲ್ಲಿ ಒಂದು ಗೆರೆಯೂ ಅಲುಗಲಿಲ್ಲ. ಈ ಸಲ ಚಳಿ ಕಡಿಮೆ ಇದ್ದದ್ದರಿಂದ ಬೆಳೆ ಬೇಗ ಬಂದಿದೆ, ಸ್ಪಗೆಟಿ ಹುಳುವಿನ ಕಾಟವೂ ಇಲ್ಲವಾಗಿದೆ, ತಲೆಮಾರುಗಳಿಂದ ತಳಿ ಸುಧಾರಿಸಿ ಎಲ್ಲ ಎಳೆಗಳೂ ಒಂದೇ ಉದ್ದಕ್ಕೆ ಬರುವ ಹಾಗೆ ಮಾಡಿದ್ದಾರೆ. ಪಟ್ಟಾಭಿಷೇಕ ವಿವರಿಸಿದ ಅದೇ ಧ್ವನಿ! ಕೊನೆಗೆ ಇವತ್ತು ಏಪ್ರಿಲ್ ಒಂದನೇ ತಾರೀಕು ಅಂತ ನೆನಪಿಸಿಯೇ ಕಾರ್ಯಕ್ರಮ ಮುಗಿಸಿದರು.

ನೋಡಿದವರು ಸುಮಾರು 80 ಲಕ್ಷ. ಆಗಿನ ಬ್ರಿಟಿಷರಿಗೆ ಸ್ಪಗೆಟಿ ಅಂದ್ರೆ ಟೊಮೆಟೊ ರಸದಲ್ಲಿ ಮುಳುಗಿಸಿ ಡಬ್ಬಿಯಲ್ಲಿ ಬರುವ ವಸ್ತು. ಅದು ಗೋಧಿಯದೋ ಗಿಡದ್ದೋ ಯಾರು ಕೇಳಿದವರು? ಬಿಬಿಸಿಗೆ ಫೋನ್ ಮೇಲೆ ಫೋನ್. ಇದು ನಿಜವಾ ಅಂತ ಕೆಲವರು, ಗಂಡ ಹೆಂಡತಿ ಜಗಳ ಬಗೆಹರಿಸಿ ಅಂತ ಕೆಲವರು, ಸಸಿ ಎಲ್ಲಿ ಸಿಗುತ್ತೆ ಅಂತ ಕೆಲವರು. ಬಿಬಿಸಿಯ ಮಹಾನಿರ್ದೇಶಕರೇ ಮನೆಯಲ್ಲಿ ವಿಶ್ವಕೋಶ ತೆಗೆದು ನೋಡಿದರಂತೆ. ಕೆಲವರಿಗೆ ಸಿಟ್ಟೂ ಬಂತು, ಗಂಭೀರ ಕಾರ್ಯಕ್ರಮದಲ್ಲಿ ಇದೆಂಥ ಹುಡುಗಾಟ ಅಂತ.

ಜನ ದಡ್ಡರು ಅಂತ ಈ ಕಥೆ ಹೇಳುವವರಿದ್ದಾರೆ. ನಾನು ಒಪ್ಪೋದಿಲ್ಲ. ಅವರು ನಂಬಿದ್ದು ಸ್ಪಗೆಟಿ ಮರವನ್ನಲ್ಲ, ಡಿಂಬಲ್ಬಿಯನ್ನು. ಆ ನಂಬಿಕೆ ಎಷ್ಟು ಆಳ ಅನ್ನೋದಕ್ಕೆ ಇನ್ನೊಂದು ಮಾತು ಹೇಳ್ತಾರೆ. 1962ರಲ್ಲಿ ಕ್ಯೂಬಾ ಕ್ಷಿಪಣಿ ಬಿಕ್ಕಟ್ಟಿನಲ್ಲಿ ಅಣುಯುದ್ಧ ಆಗೇ ಹೋಗುತ್ತೆ ಅನ್ನೋ ಭಯ ಇದ್ದಾಗ, ಒಬ್ಬ ತಾಯಿ ಬಿಬಿಸಿಗೆ ಫೋನ್ ಮಾಡಿ, ಡಿಂಬಲ್ಬಿಯವರು ಭಯ ಇಲ್ಲ ಅಂದ್ರೆ ಮಾತ್ರ ಮಕ್ಕಳನ್ನ ಶಾಲೆಗೆ ಕಳಿಸ್ತೀನಿ ಅಂದಳಂತೆ.

ಹಾಗಂತ ಎಲ್ಲರಿಗೂ ಅವರು ಇಷ್ಟವಾಗಿದ್ದರು ಅಂತಲ್ಲ. 1955ರಲ್ಲಿ ಖಾಸಗಿ ಟಿವಿ ಬಂತು. ರಾಬಿನ್ ಡೇ ತರಹದವರು ಮಂತ್ರಿಗಳನ್ನು ಎದುರಿಗೆ ಕೂರಿಸಿಕೊಂಡು ಕಟುವಾಗಿ ಪ್ರಶ್ನೆ ಕೇಳತೊಡಗಿದರು. ಅವರ ಪಕ್ಕದಲ್ಲಿ ಡಿಂಬಲ್ಬಿ ಅರಮನೆಯ ಹೊಗಳುಭಟ್ಟನ ಹಾಗೆ ಕಾಣುತ್ತಾರೆ ಅಂತ ಹೊಸ ಪೀಳಿಗೆ ನಗಾಡಿತು. ಟೀಕೆಯಲ್ಲಿ ನಿಜ ಇದೆ. ದೊರೆತನದ ವಿಷಯ ಬಂದಾಗ ಅವರ ಮಾತಿನಲ್ಲಿ ಭಕ್ತಿ ಜಾಸ್ತಿ. ಕೈರೋದಲ್ಲಿ ಅಧಿಕಾರಿಗಳನ್ನು ನೆಚ್ಚಿದ ಸ್ವಭಾವ ಪೂರ್ತಿ ಹೋಗಿರಲಿಲ್ಲ ಅನ್ನಿಸುತ್ತೆ. ಆದರೆ ಅದೇ ಮನುಷ್ಯ ವರ್ಷಗಳ ನಂತರ ಪನೋರಮಾ ಕ್ಯಾಮೆರಾ ಕರೆದುಕೊಂಡು ಬೆಲ್ಸನ್‌ಗೆ ಮತ್ತೆ ಹೋದರು. ಗುಡಿಸಲುಗಳನ್ನು ಸೇನೆ ಸುಟ್ಟುಹಾಕಿತ್ತು. ಸಾಮೂಹಿಕ ಗೋರಿಗಳ ದಿಬ್ಬಗಳ ನಡುವೆ ನಡೆದು ಮಾತಾಡಿದರು.

1960ರಲ್ಲಿ ಅವರಿಗೆ ಕ್ಯಾನ್ಸರ್ ಅಂತ ಗೊತ್ತಾಯಿತು. ಸಾರ್ವಜನಿಕವಾಗಿ ಹೇಳಲಿಲ್ಲ. ಆಸ್ಪತ್ರೆಗೆ ಹೋಗಿ ಚಿಕಿತ್ಸೆ ತೆಗೆದುಕೊಂಡು ಸ್ಟುಡಿಯೊಗೆ ಬರುತ್ತಿದ್ದರು. 1965ರ ಜನವರಿ 30ರಂದು ಚರ್ಚಿಲ್ ಅಂತ್ಯಕ್ರಿಯೆಯ ಇಡೀ ವಿವರಣೆ ಕೊಟ್ಟದ್ದು ಈ ಸ್ಥಿತಿಯಲ್ಲಿ.

ಆ ಕಾಲದಲ್ಲಿ ಕ್ಯಾನ್ಸರ್ ಅನ್ನೋ ಪದವನ್ನೇ ಬಾಯಲ್ಲಿ ಆಡುತ್ತಿರಲಿಲ್ಲ. 'ದೀರ್ಘಕಾಲದ ಅನಾರೋಗ್ಯ' ಅಂತ ಬರೆಯುತ್ತಿದ್ದರು. ನಮ್ಮಲ್ಲಿ ಇವತ್ತಿಗೂ ಎಷ್ಟೋ ಮನೆಗಳಲ್ಲಿ 'ಆ ಕಾಯಿಲೆ' ಅಂತಲೇ ಹೇಳ್ತಾರೆ, ದನಿ ತಗ್ಗಿಸಿ. 1965ರ ಕೊನೆಗೆ, ಇನ್ನು ಮುಚ್ಚಿಡುವುದರಲ್ಲಿ ಅರ್ಥವಿಲ್ಲ ಅನ್ನಿಸಿದಾಗ, ಡಿಂಬಲ್ಬಿ ಕುಟುಂಬದವರು ಇದು ಕ್ಯಾನ್ಸರ್ ಅಂತ ಅದೇ ಪದ ಬಳಸಿ ಪ್ರಕಟಿಸಿದರು. ಆಸ್ಪತ್ರೆಗೆ ಸಾವಿರಾರು ಪತ್ರಗಳು ಬಂದವು. ಬರೆದವರಲ್ಲಿ ಎಷ್ಟೋ ಜನ ತಮ್ಮ ಮನೆಯ ಕ್ಯಾನ್ಸರ್ ಬಗ್ಗೆ ಮೊದಲ ಸಲ ಬಾಯಿಬಿಟ್ಟವರು ಇರಬೇಕು.

ಡಿಸೆಂಬರ್ 22ರಂದು ಲಂಡನ್ನಿನ ಸೇಂಟ್ ಥಾಮಸ್ ಆಸ್ಪತ್ರೆಯಲ್ಲಿ ತೀರಿಕೊಂಡರು. 52 ವರ್ಷ. ಜನವರಿಯಲ್ಲಿ ವೆಸ್ಟ್‌ಮಿನ್‌ಸ್ಟರ್ ಅಬ್ಬೆಯಲ್ಲಿ ಶ್ರದ್ಧಾಂಜಲಿ ಸಭೆ ನಡೆಯಿತು, ಟಿವಿಯಲ್ಲೂ ತೋರಿಸಿದರು. ಅವರ ಹೆಸರಿನಲ್ಲಿ 1966ರಲ್ಲಿ ಶುರುವಾದ ಕ್ಯಾನ್ಸರ್ ನಿಧಿ ಇವತ್ತಿಗೂ ಕೆಲಸ ಮಾಡುತ್ತಿದೆ. ಮಕ್ಕಳಾದ ಡೇವಿಡ್, ಜೊನಾಥನ್ ಇಬ್ಬರೂ ದೊಡ್ಡ ಪ್ರಸಾರಕರಾದರು. ಅಪ್ಪನ ಜೀವನಚರಿತ್ರೆ ಬರೆದದ್ದು ಜೊನಾಥನ್.

ಶಾವಿಗೆ ಮರದ ಚಿತ್ರವೂ, ಬೆಲ್ಸನ್ ವರದಿಯ ಧ್ವನಿಮುದ್ರಣವೂ ಎರಡೂ ಇಂಟರ್ನೆಟ್‌ನಲ್ಲಿ ಸಿಗುತ್ತವೆ. ಮೊದಲನೆಯದನ್ನು ಮಕ್ಕಳ ಜೊತೆ ಕೂತು ನೋಡಿ. ಎರಡನೆಯದನ್ನು ಮಕ್ಕಳು ಮಲಗಿದ ಮೇಲೆ, ಒಬ್ಬರೇ ಇದ್ದಾಗ ಕೇಳಿ. ಇಂಗ್ಲಿಷ್ ಅಷ್ಟಾಗಿ ಬರದಿದ್ದರೂ ಪರವಾಗಿಲ್ಲ, ಆ ದನಿ ಎಲ್ಲೆಲ್ಲಿ ತಡೆಯುತ್ತೆ ಅನ್ನೋದು ಗೊತ್ತಾಗುತ್ತೆ.